ಪೀಪಿಯ ಬೆನ್ನು

"ಇನ್ನೊಂದು ಸಲ," ಎಂದಳು ನಿರ್ದೇಶಕಿ. "ಹೊರಗೆ ಯಾವುದೋ ಲಾರಿ ಹಾರ್ನ್ ಮಾಡಿತು. ಇನ್ನೊಂದೇ ಸಲ, ಪ್ಲೀಸ್."

ಅಮ್ಮ ಬಲಗೈಯನ್ನು ಮತ್ತೆ ಬಟ್ಟಲಿನಂತೆ ಬಾಗಿಸಿಕೊಂಡಳು. ಅವಳ ಮುಂದೆ, ಇಳಿಜಾರಾದ ನೀಲಿ ರೆಕ್ಸಿನ್ ದಿಂಬಿನ ಮೇಲೆ ಚಿಕ್ಕ ಮಗಳು ಸೊಂಟ ಮೇಲೆ, ತಲೆ ಕೆಳಗೆ ಮಾಡಿ ಬೋರಲು ಮಲಗಿದ್ದಳು. ಅಂಗಿ ಹೆಗಲವರೆಗೆ ಸರಿದಿತ್ತು. ಕಿಟಕಿಯ ಬಿಸಿಲು ಸರಿಯಾಗಿ ಬೆನ್ನುಮೂಳೆಯ ಗೆಣ್ಣುಗಳ ಮೇಲೆ ಬಿದ್ದಿತ್ತು. ಅದಕ್ಕಾಗಿಯೇ ಮಂಚವನ್ನು ಗೋಡೆಯಿಂದ ಎಳೆದು ತಿರುಗಿಸಿದ್ದರು. ಅಮ್ಮ ತಟ್ಟತೊಡಗಿದಳು. ಕೂಸನ್ನು ನಿದ್ದೆ ಮಾಡಿಸಲು ತಟ್ಟುವಷ್ಟು ಮೆಲ್ಲಗೆ.

"ಜೋರಾಗಿ," ಎಂದಿತು ಬಾಗಿಲ ಹಿಂದಿನ ಧ್ವನಿ.

ಸೌಂಡಿನವನು ಕೈ ಎತ್ತಿದ. "ಯಾರೋ ಮಾತಾಡಿದ್ರು."

"ನಾನೇ," ಎನ್ನುತ್ತ ಅಕ್ಕ ಒಳಗೆ ತಲೆ ಹಾಕಿದಳು. ಅವಳ ಕೈಯಲ್ಲಿ ಸ್ಟೀಲಿನ ಬಟ್ಟಲಿತ್ತು. "ಹಂಗೆ ತಟ್ಟಿದ್ರೆ ಸೊಳ್ಳೇನೂ ಸಾಯಲ್ಲ."

ದಿಂಬಿನ ಮೇಲಿದ್ದವಳು ಕಿಸಕ್ಕೆಂದಳು. ನಗು ಕೆಮ್ಮಾಗಿ, ಕೆಮ್ಮು ಇನ್ನೇನು ಎದೆಯ ಆಳಕ್ಕೆ ಹೋಗಿ ಏನನ್ನಾದರೂ ಕಿತ್ತು ತರಬೇಕು ಅನ್ನುವಷ್ಟರಲ್ಲಿ ಅವಳೇ ತುಟಿ ಬಿಗಿಹಿಡಿದು ಅದನ್ನು ನುಂಗಿಕೊಂಡಳು. ಈ ದೃಶ್ಯದಲ್ಲಿ ಕೆಮ್ಮು ಬೇಡ, ಬರೀ ತಟ್ಟುವ ಸದ್ದು ಸಾಕು ಎಂದು ಹೇಳಿದ್ದರು. ಹೇಳಿದಂತೆ ಕೇಳುವ ಹುಡುಗಿ.

"ಜಾಣೆ," ಎಂದಳು ನಿರ್ದೇಶಕಿ. "ಅಮ್ಮಾ, ಶುರು ಮಾಡಿ."

ಹುಡುಗಿಗೆ ಹನ್ನೊಂದು ವರ್ಷ. ಹುಟ್ಟಿದಾಗಿನಿಂದಲೇ ಅವಳ ಎದೆಯೊಳಗೆ ಕಫ ಗೋಂದಿನಂತೆ ಗಟ್ಟಿಯಾಗುತ್ತಿತ್ತು. ಡಾಕ್ಟರು ಆ ಕಾಯಿಲೆಗೆ ಹೇಳುವ ಹೆಸರು ಉದ್ದ. ಮನೆಯಲ್ಲಿ ಅದನ್ನು ‘ಅಂಟು’ ಎನ್ನುತ್ತಿದ್ದರು. ದಿನಾ ಬೆಳಗ್ಗೆ, ದಿನಾ ಸಂಜೆ ಬೆನ್ನು ಮತ್ತು ಪಕ್ಕೆಗಳನ್ನು ತಟ್ಟಿ ಅಂಟನ್ನು ಸಡಿಲಿಸಬೇಕು. ಆಮೇಲೆ ಕೆಮ್ಮಿಸಿ ಬಟ್ಟಲಿಗೆ ಉಗುಳಿಸಬೇಕು. ತಟ್ಟದೆ ಬಿಟ್ಟರೆ ಉಸಿರು ಸಿಳ್ಳೆ ಹಾಕುತ್ತಿತ್ತು. ಅದನ್ನು ಕೇಳಿ ಅಜ್ಜಿ ಇಟ್ಟ ಹೆಸರು ಪೀಪಿ. ಶಾಲೆಯ ಹಾಜರಿ ಕರೆಯುವಾಗ ಬಿಟ್ಟರೆ ಬೇರೆ ಹೆಸರಿನಿಂದ ಅವಳನ್ನು ಯಾರೂ ಕರೆಯುತ್ತಿರಲಿಲ್ಲ.

ಸಿನಿಮಾದವರು ಹೋದ ಮೇಲೆ ಮಂಚವನ್ನು ಅಕ್ಕನೂ ಅಮ್ಮನೂ ಸೇರಿ ಗೋಡೆಗೆ ತಳ್ಳಿದರು. ಅಡುಗೆಮನೆಯ ಮೇಜಿನ ಮೇಲೆ ಬ್ರೆಡ್ಡು, ಬೇಯಿಸಿದ ಮೊಟ್ಟೆ, ಒಂದು ಲೋಟದಲ್ಲಿ ಪೀಪಿಯ ಮಾತ್ರೆಗಳು. ತಿಂದದ್ದು ಮೈಗೆ ಹತ್ತಬೇಕಾದರೆ ಪ್ರತಿ ಊಟಕ್ಕೂ ಮುಂಚೆ ಅವಳು ಮಾತ್ರೆ ನುಂಗಬೇಕಿತ್ತು, ಜಿಡ್ಡಿನ ಪದಾರ್ಥ ಹೆಚ್ಚು ತಿನ್ನಬೇಕಿತ್ತು. ಬೆಣ್ಣೆ ಅವಳದು. ಉಳಿದವರು ಬೆಣ್ಣೆಯ ಡಬ್ಬಿಯತ್ತ ನೋಡದೆ ತಿನ್ನುವುದನ್ನು ಎಷ್ಟೋ ವರ್ಷಗಳ ಹಿಂದೆಯೇ ಕಲಿತಿದ್ದರು. ಅಜ್ಜಿ ಮಾತ್ರ ಕಲಿತಿರಲಿಲ್ಲ.

"ಒಂಚೂರು ಸವರು ಸಾಕು. ನನಗೆ ಈ ಒಣಕಲು ಗಂಟಲಲ್ಲಿ ಇಳಿಯಲ್ಲ."

"ಟೀಗೆ ಅದ್ದಿಕೊಂಡು ತಿನ್ನಿ ಅತ್ತೆ," ಎಂದಳು ಅಮ್ಮ.

"ಟೀಗೆ ಹಾಲೆಲ್ಲಿದೆ? ಆ ಸೌಂಡಿನವನು ಫ್ರಿಜ್ಜು ಗುಂಯ್ ಅನ್ನುತ್ತೆ ಅಂತ ನಿನ್ನೆ ಆರಿಸಿದ. ಹಾಕೋದು ಮರೆತ. ಹಾಲು ಒಡೆದು ಹೋಯ್ತು. ಡಬ್ಬಿಲಿರೋದು ಬೆಣ್ಣೆ ಅಲ್ಲ, ಎಣ್ಣೆ."

ಅಕ್ಕ ಬಟ್ಟಲನ್ನು ಮೇಜಿನ ಮೇಲಿಟ್ಟಳು. "ಇದರಲ್ಲೂ ಏನೂ ಇಲ್ಲ, ನೋಡಿ."

"ತಿನ್ನೋ ಜಾಗದಲ್ಲಿ ಅದನ್ನ ಇಡಬೇಡ," ಎಂದಳು ಅಮ್ಮ.

"ಇಟ್ರೂ ಪರವಾಗಿಲ್ಲ. ತೊಳೆದಿಟ್ಟಷ್ಟು ಚೊಕ್ಕವಾಗಿದೆ. ಅಷ್ಟು ಹೊತ್ತು ತಟ್ಟಿ ಒಂದು ಹನೀನೂ ಬಂದಿಲ್ಲ. ಪೀಪಿ, ತಿಂದಾದ ಮೇಲೆ ಬಾ, ನಾನೊಂದು ಸುತ್ತು ತಟ್ತೀನಿ."

"ಮತ್ತೆ ತಟ್ಟೋದಾ?" ಪೀಪಿ ಮುಖ ಸಣ್ಣಗೆ ಮಾಡಿದಳು. "ಆಯ್ತಲ್ಲ ಇವತ್ತಿಂದು. ಐದು ಸಲ ಆಯ್ತು."

"ಐದು ಸಲ ಸವರಿದ್ದು."

"ಹೊಟ್ಟೆ ತುಂಬಿದ ಮೇಲೆ ತಟ್ಟಿದ್ರೆ ವಾಂತಿ ಮಾಡ್ಕೋತಾಳೆ," ಎಂದಳು ಅಮ್ಮ. "ಮಗು ಸುಸ್ತಾಗಿದೆ. ಬಿಡು. ಸಂಜೆ ನೋಡೋಣ."

ಹಿಂದೆ ಹೀಗಿರಲಿಲ್ಲ. ತಟ್ಟುವ ಕೆಲಸ ಅಕ್ಕನದೇ ಆಗಿತ್ತು. ಅಮ್ಮ ಹೋಟೆಲೊಂದರ ಲಾಂಡ್ರಿಯಲ್ಲಿ ಹಾಸಿಗೆ ಬಟ್ಟೆ ಮಡಿಸುತ್ತಿದ್ದಳು. ಮಧ್ಯಾಹ್ನ ಹೋದರೆ ಸಂಜೆ ಬರುವಾಗ ಮಣಿಕಟ್ಟು ಊದಿರುತ್ತಿತ್ತು. ಅಪ್ಪ ಬಸ್ಸಿನ ಸೀಟುಗಳಿಗೆ ಹೊದಿಕೆ ಹೊಲಿಯುವವನು. ದಿಂಬು ಮಾಡಿಕೊಟ್ಟಿದ್ದು ಅವನೇ, ಸೀಟಿಗೆ ಹಾಕಿ ಮಿಕ್ಕಿದ ಸ್ಪಂಜು, ರೆಕ್ಸಿನ್ನಿನಲ್ಲಿ. ಆದರೆ ಅವನ ಕೈ ಒರಟು, ಒಮ್ಮೆ ಪಕ್ಕೆಲುಬು ನೋಯಿಸಿದ್ದ. ಹಾಗಾಗಿ ಅಕ್ಕ. ಅವಳು ಪೀಪಿಯಷ್ಟೇ ದೊಡ್ಡವಳಿದ್ದಾಗ ಶುರುವಾದದ್ದು. ತಟ್ಟುತ್ತ ತಟ್ಟುತ್ತಲೇ ಶಾಲೆ ಮುಗಿಸಿದಳು. ಈಗ ಅವಳಿಗೆ ಬೇರೊಂದು ಊರಿನ ತರಬೇತಿ ಶಾಲೆಯಲ್ಲಿ ಕನ್ನಡಕದ ಗಾಜು ಅರೆಯುವುದನ್ನು ಕಲಿಯಲು ಸೀಟು ಸಿಕ್ಕಿತ್ತು. ಹಾಸ್ಟೆಲ್ಲು ಅಲ್ಲೇ. ಇನ್ನು ಕೆಲವು ತಿಂಗಳಲ್ಲಿ ಹೋಗಬೇಕು. ಅಷ್ಟರೊಳಗೆ ಅಮ್ಮ ತಟ್ಟುವುದನ್ನು ಕಲಿಯಬೇಕು ಎಂದು ಮನೆಯಲ್ಲಿ ಮಾತಾಗಿತ್ತು.

ಅದೇ ಹೊತ್ತಿಗೆ ಸಿನಿಮಾದವರು ಬಂದರು. ಇಂಥ ಕಾಯಿಲೆಯ ಮಕ್ಕಳಿಗೆ ನೆರವಾಗುವ ಒಂದು ಟ್ರಸ್ಟು, ದುಡ್ಡಿರುವವರಿಗೆ ತೋರಿಸಲು ಒಂದು ಸಾಕ್ಷ್ಯಚಿತ್ರ ಮಾಡಿಸುತ್ತಿತ್ತು. ಹೊಸದೊಂದು ಔಷಧಿ ಬಂದಿದೆ, ಅಂಟು ಗಟ್ಟಿಯಾಗುವುದನ್ನೇ ತಡೆಯುತ್ತದೆ, ಬೆಲೆ ಕೇಳಬೇಡಿ, ಆದರೆ ಚಿತ್ರ ಚೆನ್ನಾಗಿ ಬಂದರೆ ಟ್ರಸ್ಟಿನವರು ಮನಸ್ಸು ಮಾಡಬಹುದು ಎಂದು ನಿರ್ದೇಶಕಿ ಮೊದಲ ದಿನವೇ ಹೇಳಿದ್ದಳು. ಮೋಸದ ಮಾತಲ್ಲ. ‘ಬಹುದು’ ಅನ್ನುವುದನ್ನು ಒತ್ತಿಯೇ ಹೇಳಿದ್ದಳು. ಅಪ್ಪ ಅಮ್ಮನ ಸಹಿ ತೆಗೆದುಕೊಂಡಿದ್ದಳು.

ಮೊದಲ ದಿನ ಅಕ್ಕ ತಟ್ಟುವುದನ್ನೇ ತೆಗೆದರು. ಆಮೇಲೆ ನಿರ್ದೇಶಕಿ ಅಮ್ಮನನ್ನು ಕರೆದು, "ನೀವೇ ತಟ್ಟಿದ್ರೆ ನೋಡೋರಿಗೆ ಥಟ್ಟನೆ ಅರ್ಥ ಆಗುತ್ತೆ. ಅಕ್ಕ ತಟ್ಟಿದ್ರೆ ‘ಇದರ ತಾಯಿ ಎಲ್ಲಿ’ ಅಂತ ಕೇಳ್ತಾರೆ," ಎಂದಳು. ಅಮ್ಮನ ಮುಖ ಕಪ್ಪಿಟ್ಟಿತು. ಮರುದಿನದಿಂದ ಅವಳೇ ದಿಂಬಿನ ಪಕ್ಕ ಕೂತಳು.

ಎರಡನೆಯ ದಿನ ಕ್ಯಾಮೆರಾದವನು ಪುಟ್ಟ ಪರದೆಯಲ್ಲಿ ಅವಳಿಗೆ ಅವಳನ್ನೇ ತೋರಿಸಿದ. ಸದ್ದಿಲ್ಲದ ಚಿತ್ರ. ಎತ್ತಿದ ಕೈ, ಬೀಳುವ ಕೈ, ಅದರಡಿಯಲ್ಲಿ ನಡುಗುವ ಸಣ್ಣ ಬೆನ್ನು.

"ಅಯ್ಯೋ," ಎಂದಳು ಅಮ್ಮ. "ಮಗೂನ ಹೊಡೆಯೋ ರಾಕ್ಷಸಿ ತರ ಕಾಣ್ತೀನಿ."

ಅಲ್ಲಿಂದಾಚೆ ಅವಳ ಕೈ ಮೆತ್ತಗಾಯಿತು.

*

ಸಿನಿಮಾದವರು ಮನೆಗೆ ಹೊಂದಿಕೊಂಡುಬಿಟ್ಟರು. ಕ್ಯಾಮೆರಾದವನು ತನ್ನ ಲೋಟವನ್ನು ತಾನೇ ತೊಳೆದಿಡುತ್ತಿದ್ದ. ನಿರ್ದೇಶಕಿ ಬರುವಾಗಲೆಲ್ಲ ಹಣ್ಣು ತರುತ್ತಿದ್ದಳು, ಅಜ್ಜಿಯ ಕಾಲ ಬಳಿ ಚಾಪೆಯ ಮೇಲೆ ಕೂತು ಬಟಾಣಿ ಸುಲಿಯುತ್ತಿದ್ದಳು.

"ಯಾಕಮ್ಮ, ನನ್ನ ಮಂಡಿನೋವು ಇವಳ ಅಂಟಿಗಿಂತ ಹಳೇದು. ಅದಕ್ಕೊಂದು ಸಿನಿಮಾ ಇಲ್ವಾ?"

"ನಿಮ್ಮದು ಮುಂದಿನ ಚಿತ್ರ ಅಜ್ಜಿ."

"ಬೇಗ ತೆಗಿ. ನಾನು ಹೋದ ಮೇಲೆ ಬರೀ ಮಂಡಿ ಇಟ್ಕೊಂಡು ಏನು ಮಾಡ್ತೀಯ?"

ಬಿಸಿಲು ಕಿಟಕಿಗೆ ಬರುವವರೆಗೆ ಕಾಯಬೇಕಾದ್ದರಿಂದ ಬೆಳಗಿನ ತಟ್ಟುವಿಕೆ ತಡವಾಗುತ್ತ ಹೋಯಿತು. ಮೋಡವಿದ್ದ ದಿನ ಕಾದೂ ಕಾದೂ ಅದು ನಡೆಯುತ್ತಲೇ ಇರಲಿಲ್ಲ. ಸಂಜೆಯದೂ ಅಮ್ಮನ ಪಾಲಿಗೇ ಬಂತು, ಅಕ್ಕ ಪೇಟೆಯ ಕನ್ನಡಕದ ಅಂಗಡಿಯಲ್ಲಿ ಸಂಜೆ ಕೂತು ಕೆಲಸ ನೋಡತೊಡಗಿದ್ದಳು. ತರಬೇತಿಗೆ ಹೋಗುವ ಮುಂಚೆ ಒಂದಿಷ್ಟು ಕೈ ಪಳಗಲಿ ಎಂದು ಅಂಗಡಿಯವನೇ ಕರೆದಿದ್ದ. ಅವಳು ಮನೆಗೆ ಬರುವಷ್ಟರಲ್ಲಿ ಪೀಪಿಯದು ಮುಗಿದಿರುತ್ತಿತ್ತು.

"ತಟ್ಟಿದ್ಯಾ?"

"ಹೂಂ, ತಟ್ಟಿದೆ."

"ಬಂತಾ?"

"ಬಂತು, ಸ್ವಲ್ಪ."

ಕೆಲವೇ ವಾರಗಳಲ್ಲಿ ಮನೆಯಲ್ಲೊಂದು ಹೊಸ ಸಂಗತಿ ಎಲ್ಲರ ಕಿವಿಗೂ ಬಿತ್ತು. ಪೀಪಿಯ ಕೆಮ್ಮು ಕಡಿಮೆಯಾಗಿತ್ತು. ಊಟದ ನಡುವೆ ಏಳುತ್ತಿರಲಿಲ್ಲ. ಬೆಳಗ್ಗೆ ಎದ್ದ ಕೂಡಲೇ ಬಚ್ಚಲಲ್ಲಿ ಕೆಮ್ಮಿ ಕೆಮ್ಮಿ ಗೋಡೆ ಹಿಡಿದು ನಿಲ್ಲುತ್ತಿದ್ದ ಹುಡುಗಿ ಈಗ ಸುಮ್ಮನೆ ಹಲ್ಲುಜ್ಜಿ ಬರುತ್ತಿದ್ದಳು.

"ಗಮನಿಸಿದ್ರಾ?" ಎಂದ ಅಪ್ಪ ಒಂದು ಬೆಳಗ್ಗೆ, ಬ್ರೆಡ್ಡಿನ ತುಂಡನ್ನು ಬಾಯಿಗೆ ಒಯ್ಯುತ್ತಿದ್ದವನು ಹಾಗೇ ನಿಲ್ಲಿಸಿ. "ಮನೆ ಎಷ್ಟು ಸುಮ್ಮನಿದೆ."

"ತಾಯಿ ಕೈಗುಣ," ಎಂದಳು ಅಜ್ಜಿ. "ಇಷ್ಟು ವರ್ಷ ನಾವು ಆ ಮಗೂನ ಡೋಲು ಬಾರಿಸಿದ ಹಾಗೆ ಬಾರಿಸಿದ್ವಿ. ಮೆತ್ತಗೆ ತಟ್ಟಿದ್ರೆ ಸಾಕಾಗಿತ್ತು ನೋಡು."

ಅಮ್ಮ ಕಿವಿಯವರೆಗೆ ಕೆಂಪಾದಳು. ಅವತ್ತು ಲಾಂಡ್ರಿಗೆ ಹೋಗುವಾಗ ಹೊಸ ಚಪ್ಪಲಿ ಹಾಕಿಕೊಂಡಳು.

ಅಕ್ಕ ಬಟ್ಟಲನ್ನು ತೊಳೆಯುತ್ತಿದ್ದಳು. ಅದರಲ್ಲಿ ತೊಳೆಯುವಂಥದ್ದು ಏನೂ ಇರಲಿಲ್ಲ. ನಲ್ಲಿಯಡಿಯಲ್ಲಿ ಹಿಡಿದು, ಒರೆಸಿ, ಕಪಾಟಿನಲ್ಲಿ ಬೋರಲು ಹಾಕಿದಳು. ಪೀಪಿಯ ಹಿಂದೆ ಹೋಗಿ ನಿಂತು ಅವಳ ಬೆನ್ನಿಗೆ ಒಂದು ಕ್ಷಣ ಕಿವಿಯಿಟ್ಟಳು.

"ಏನೇ?" ಎಂದಳು ಪೀಪಿ.

"ಏನಿಲ್ಲ. ಜಡೆ ಸರಿ ಇದೆಯಾ ನೋಡಿದೆ."

ಆಮೇಲೆ ತನ್ನ ಕೋಣೆಗೆ ಹೋಗಿ ಹಾಸ್ಟೆಲ್ಲಿಗೆ ಒಯ್ಯಬೇಕಾದ ಬಟ್ಟೆಗಳನ್ನು ಬೇರೆ ಇಡತೊಡಗಿದಳು. ಯಾರಿಗೂ ಏನೂ ಹೇಳಲಿಲ್ಲ.

*

ಜ್ವರ ಬಂದಿದ್ದು ಶಾಲೆಯಲ್ಲಿ. ಮಧ್ಯಾಹ್ನ ಟೀಚರು ಅಪ್ಪನ ಅಂಗಡಿಗೆ ಫೋನು ಮಾಡಿದರು. ಅವನು ಹೋದಾಗ ಪೀಪಿ ಬೆಂಚಿನ ಮೇಲೆ ಕೂತು ಎರಡೂ ಕೈಗಳನ್ನು ಮಂಡಿಗೂರಿ, ಹೆಗಲು ಕುಣಿಸುತ್ತ ಉಸಿರು ಎಳೆಯುತ್ತಿದ್ದಳು. ತುಟಿ ಸೀಸದ ಬಣ್ಣಕ್ಕೆ ತಿರುಗಿತ್ತು.

"ಅಪ್ಪಾ," ಎಂದಳು, "ಒಳಗೆ ಹೋಗ್ತಾನೇ ಇಲ್ಲ."

ಆಸ್ಪತ್ರೆಯಲ್ಲಿ ಆಮ್ಲಜನಕದ ನಳಿಗೆ ಸಿಕ್ಕಿಸಿದರು. ಆಮೇಲೆ ದಪ್ಪ ತೋಳಿನ ಫಿಸಿಯೋ ಒಬ್ಬಳು ಬಂದು ಮಂಚದ ತಲೆಭಾಗ ತಗ್ಗಿಸಿ ತಟ್ಟಲು ಶುರುಮಾಡಿದಳು. ಆ ಸದ್ದು ಕಾರಿಡಾರಿನ ಕೊನೆಯವರೆಗೆ ಕೇಳುತ್ತಿತ್ತು. ಕುದುರೆ ಓಡಿದ ಹಾಗೆ. ಸ್ವಲ್ಪ ಹೊತ್ತಿಗೆ ಕೆಮ್ಮು ಬಂತು, ಹಳೆಯ ಕೆಮ್ಮು, ಮನೆಯವರೆಲ್ಲ ಮರೆತಿದ್ದ ಕೆಮ್ಮು. ಅಮ್ಮ ಪರದೆಯ ಸಂದಿನಿಂದ ನೋಡಿದಳು. ಬಟ್ಟಲು ತುಂಬಿತ್ತು. ಹಸಿರಾಗಿ, ನಡುವೆ ರಕ್ತದ ಎಳೆಗಳಿದ್ದವು. ನರ್ಸು ಅದನ್ನು ಒಯ್ದು ಇನ್ನೊಂದನ್ನು ಇಟ್ಟಳು.

"ಮನೆಯಲ್ಲಿ ತಟ್ತಾ ಇದ್ರಾ?" ಎಂದು ಕೇಳಿದರು ಡಾಕ್ಟರು.

"ದಿನಾ," ಎಂದಳು ಅಮ್ಮ.

"ದಿನಾ," ಎಂದ ಅಪ್ಪನೂ. "ಬೇಕಾದ್ರೆ ವಿಡಿಯೋ ಇದೆ."

ಡಾಕ್ಟರು ಇಬ್ಬರ ಮುಖವನ್ನೂ ನೋಡಿದರು. ಎಕ್ಸ್‌ರೇಯನ್ನು ಬೆಳಕಿಗೆ ಹಿಡಿದರು. ಎಡಗಡೆಯ ಕೆಳಭಾಗ ಬಿಳಿಯಾಗಿತ್ತು, ಮುಚ್ಚಿಹೋಗಿತ್ತು. "ತೆರೆಯೋಕೆ ಪ್ರಯತ್ನ ಮಾಡ್ತೀವಿ," ಎಂದರು. "ಆದರೆ ಹೋಗಿದ್ದು ಹೋಯ್ತು ಅಂತಲೇ ಇಟ್ಕೊಳ್ಳಿ. ಇನ್ನು ಮುಂದೆ ಉಳಿದಿರೋದನ್ನ ಉಳಿಸಿಕೊಳ್ಳಬೇಕು. ಆ ಹೊಸ ಔಷಧಿ ಹೇಗಾದರೂ ಹೊಂದಿಸೋಕಾದ್ರೆ ನೋಡಿ." ಪೀಪಿ ಮಂಚದ ಮೇಲೆ ಕಣ್ಣು ಬಿಟ್ಟುಕೊಂಡೇ ಮಲಗಿದ್ದಳು.

ನಿರ್ದೇಶಕಿ ಓಡಿ ಬಂದಳು. ಅತ್ತಳು. ಅತ್ತದ್ದು ನಿಜವೇ. ಕಣ್ಣೊರೆಸಿಕೊಂಡು ಅಪ್ಪನ ಪಕ್ಕ ಬೆಂಚಿನಲ್ಲಿ ಕೂತು ಮೆಲ್ಲಗೆ ಕೇಳಿದಳು. "ಇದನ್ನ ಬಿಟ್ಟರೆ ಚಿತ್ರ ಸುಳ್ಳಾಗುತ್ತೆ. ದೂರದಿಂದ, ಬಾಗಿಲಾಚೆಯಿಂದ ತೆಗೀಬಹುದಾ?"

ಅಪ್ಪ ಕೈಗಳನ್ನು ನೋಡಿಕೊಂಡ. ಉಗುರಿನ ಸಂದಿಯಲ್ಲಿ ನೀಲಿ ರೆಕ್ಸಿನ್ನಿನ ಅಂಟು ಮೆತ್ತಿತ್ತು.

"ತೆಗೀರಿ," ಎಂದ. "ಔಷಧಿಗೆ ಅನುಕೂಲ ಆದ್ರೆ ಆಗಲಿ."

*

ಮನೆಗೆ ಕರೆತಂದ ದಿನ ಜಗಳ ಶುರುವಾಗಿದ್ದು ಆಲೂಗಡ್ಡೆಯಿಂದ. ಅಮ್ಮ ಸಿಪ್ಪೆಯನ್ನು ದಪ್ಪಗೆ ಹೆರೆಯುತ್ತಿದ್ದಾಳೆ ಎಂದಳು ಅಜ್ಜಿ.

"ನನ್ನ ಕೈ ನೋಯ್ತಿದೆ ಅತ್ತೆ."

"ಎಲ್ಲದಕ್ಕೂ ಕೈನೋವು. ತಟ್ಟೋಕೂ ಕೈನೋವು, ಹೆರೆಯೋಕೂ ಕೈನೋವು."

"ಕೈಗುಣ ಅಂತ ಹೊಗಳಿದವರು ಯಾರು?"

"ನನಗೇನು ಗೊತ್ತಿತ್ತು? ನಾನು ಕಂಡಿದ್ದು ಹೇಳಿದೆ. ಮಗು ಕೆಮ್ಮಲಿಲ್ಲ, ಸಂತೋಷಪಟ್ಟೆ. ಅದೂ ತಪ್ಪಾ?"

ಅಮ್ಮ ಚಾಕು ಕೆಳಗಿಟ್ಟಳು. ಅವಳು ನೋಡಿದ್ದು ಅಜ್ಜಿಯನ್ನಲ್ಲ, ಒಲೆಯ ಮುಂದಿದ್ದ ದೊಡ್ಡ ಮಗಳನ್ನು. "ಇವಳಿಗೆ ಗೊತ್ತಿತ್ತು."

ಅಕ್ಕ ಸೌಟು ತಿರುವುತ್ತಲೇ ಇದ್ದಳು.

"ದಿನಾ ಬಟ್ಟಲು ತೊಳೀತಿದ್ದೋಳು ನೀನು. ಬೆನ್ನಿಗೆ ಕಿವಿ ಇಟ್ಟೋಳು ನೀನು. ನಾನು ನೋಡಿದೀನಿ. ಜಡೆ ನೋಡ್ತಿದ್ಯಂತೆ! ಬಾಯಿ ಬಿಟ್ಟು ಒಂದು ಮಾತು ಹೇಳಿದ್ರೆ ನಿನ್ನ ಗಂಟೇನು ಹೋಗ್ತಿತ್ತು?"

"ಮೊದಲು ಹೇಳಿದೆ. ಬಾಗಿಲ ಹಿಂದೆ ನಿಂತು ಹೇಳಿದೆ. ಸೌಂಡು ಕೆಡ್ತು ಅಂದ್ರಿ."

"ಆಮೇಲೆ? ಆಮೇಲೆ ಯಾಕೆ ಹೇಳಲಿಲ್ಲ?"

ಅಕ್ಕ ಒಲೆ ಆರಿಸಿದಳು. "ಹೇಳಿದ್ರೆ ನಾನು ಹೋಗೋಕಾಗ್ತಿರಲಿಲ್ಲ."

ಪಕ್ಕದ ಕೋಣೆಯಲ್ಲಿ ಪೀಪಿ ಕೆಮ್ಮಿದಳು.

"ಎಂಥ ಮಾತು," ಎಂದ ಅಪ್ಪ, ಬಾಗಿಲಲ್ಲಿ ನಿಂತು. "ದೊಡ್ಡೋಳೇ, ಎಂಥ ಮಾತು ಅದು?"

"ನಿಜವಾದ ಮಾತು ಅಪ್ಪ. ನೀವು ಕ್ಯಾಮೆರಾಕ್ಕೆ ತಟ್ಟಿಸಿದ್ರಿ, ನಾನು ಸುಮ್ಮನಿದ್ದೆ. ಎಲ್ಲರೂ ಸೇರಿ ಮಾಡಿದ್ವಿ. ಈಗ ಅಮ್ಮ ಒಬ್ಬಳನ್ನೇ ಯಾಕೆ ಬೈಬೇಕು, ನನ್ನೊಬ್ಬಳನ್ನೇ ಯಾಕೆ ಬೈಬೇಕು?" ಅವಳು ಕೈಯನ್ನು ಅಂಗಿಗೆ ಒರೆಸಿಕೊಂಡಳು. "ಅಮ್ಮ, ಬಾ ಇಲ್ಲಿ."

"ಎಲ್ಲಿಗೆ?"

"ಬಾ ಅಂದ್ರೆ."

ಅವಳು ನಡುಮನೆಯಲ್ಲಿ ದಿಂಬನ್ನು ನೆಲಕ್ಕೆ ಹಾಕಿದಳು. ಅದರ ಮೇಲೆ ತಾನೇ ಬೋರಲು ಮಲಗಿ, ಅಂಗಿಯ ಗುಂಡಿ ಬಿಚ್ಚಿ ಬೆನ್ನು ಬರಿದು ಮಾಡಿಕೊಂಡಳು. ಅಪ್ಪ ಮುಖ ತಿರುಗಿಸಿ ಹೊರಗೆ ಹೋದ.

"ತಟ್ಟು."

"ನಿನಗೇನಾಗಿದೆ ತಟ್ಟೋಕೆ?"

"ನನಗೆ ಏನೂ ಆಗಿಲ್ಲ, ಅದಕ್ಕೇ. ನನ್ನ ಮೇಲೆ ಕಲಿ. ತಟ್ಟು."

ಅಮ್ಮ ತಟ್ಟಿದಳು.

"ಇದಲ್ಲ. ಇನ್ನೂ ಜೋರು. ಅಂಗೈ ಚಪ್ಪಟೆ ಮಾಡಬೇಡ, ಉರಿಯುತ್ತೆ ಅಷ್ಟೇ, ಒಳಗೆ ತಲುಪಲ್ಲ. ಬಾಗಿಸು. ಮಣಿಕಟ್ಟು ಸಡಿಲ ಬಿಡು, ತೋಳಿಂದ ತಟ್ಟು. ಇನ್ನೂ ಜೋರು."

"ನೋವಾಗುತ್ತೆ ಕಣೇ."

"ಆಗಲಿ. ಇನ್ನೂ."

ಅಜ್ಜಿ ಬಾಗಿಲ ಚೌಕಟ್ಟು ಹಿಡಿದು ನಿಂತು ನೋಡುತ್ತಿದ್ದಳು. ಪೀಪಿ ಹೊದಿಕೆ ಸುತ್ತಿಕೊಂಡು ಬಂದು ಅವಳ ಪಕ್ಕ ನಿಂತಳು. ಅಮ್ಮನ ಮೂಗಿನಿಂದ ನೀರಿಳಿಯುತ್ತಿತ್ತು, ಒರೆಸಿಕೊಳ್ಳಲು ಕೈ ಬಿಡುವಿರಲಿಲ್ಲ. ಆರೋಗ್ಯವಾದ ಅಗಲ ಬೆನ್ನು ಮೊದಲು ಗುಲಾಬಿಯಾಗಿ ಆಮೇಲೆ ಕೆಂಪಾಯಿತು.

"ಈಗ ಸರಿ," ಎಂದಳು ಪೀಪಿ. "ಈಗ ಅಕ್ಕನ ಸದ್ದೇ ಬರ್ತಿದೆ."

"ಬಾ, ನೀನು ಮಲಗು," ಎಂದಳು ಅಕ್ಕ, ಏಳುತ್ತ. ಅವಳ ಕಣ್ಣೂ ಒದ್ದೆಯಾಗಿತ್ತು, ಆದರೆ ಅದು ಬರೀ ನೋವಿಗಿರಬಹುದು.

ಅವತ್ತು ಬಟ್ಟಲಿಗೆ ಬಂತು. ಅಮ್ಮ ಅದನ್ನು ಕಿಟಕಿಯ ಬಳಿ ಒಯ್ದು ಬೆಳಕಿನಲ್ಲಿ ತಿರುಗಿಸಿ ನೋಡಿದಳು, ಆಮೇಲೆ ಅಜ್ಜಿಗೆ ತೋರಿಸಿದಳು. ಅಜ್ಜಿ ಮೂಗು ಮುಚ್ಚಿಕೊಂಡು, "ಸದ್ಯ," ಎಂದಳು.

ವಾರಗಳು ಹಾಗೆ ನಡೆದವು. ಲಾಂಡ್ರಿಯಲ್ಲಿ ಅಮ್ಮ ಹಗುರ ಕೆಲಸ ಕೇಳಿದಳು. ದಿಂಬಿನ ಚೀಲ ಮಡಿಸುವ ಸಾಲಿಗೆ ಹಾಕಿದರು, ಸಂಬಳ ತಗ್ಗಿತು. ಮನೆಗೆ ಹಣ್ಣು ತರುವುದು ನಿಂತಿತು. ಅಕ್ಕನ ಪೆಟ್ಟಿಗೆ ಮಂಚದ ಕೆಳಗೆ ಅರ್ಧ ತುಂಬಿ ನಿಂತಿತ್ತು. ಅದು ತುಂಬುತ್ತದೋ ಖಾಲಿಯಾಗುತ್ತದೋ ಎಂದು ಯಾರೂ ಕೇಳುತ್ತಿರಲಿಲ್ಲ. ಪೀಪಿ ಮೆಟ್ಟಿಲು ಹತ್ತುವಾಗ ಮಧ್ಯದಲ್ಲಿ ನಿಂತು, ಚಪ್ಪಲಿಯಲ್ಲಿ ಕಲ್ಲು ಸಿಕ್ಕಿದೆ ಎಂದು ನಟಿಸುತ್ತಿದ್ದಳು. ಹಿಂದೆ ಅವಳು ಹಾಗೆ ನಿಲ್ಲುತ್ತಿರಲಿಲ್ಲ.

ಮತ್ತೆ ಶಾಲೆಗೆ ಹೋದ ಮೂರ್ನಾಲ್ಕು ದಿನಕ್ಕೇ ಅವಳು ಬುತ್ತಿಯನ್ನು ಹಾಗೇ ವಾಪಸು ತರತೊಡಗಿದಳು.

"ಯಾಕೆ ತಿಂದಿಲ್ಲ?" ಎಂದಳು ಅಕ್ಕ, ಡಬ್ಬಿ ತೆರೆದು. "ಬೆಣ್ಣೆ ಹಾಕಿದ್ದೆ."

"ಬಿಡುವಿನಲ್ಲಿ ಆಡ್ತಿದ್ರು. ನೋಡ್ತಾ ಇದ್ದೆ."

"ಏನಾಟ?"

ಪೀಪಿ ಚೀಲದ ಪಟ್ಟಿಯನ್ನು ಬೆರಳಿಗೆ ಸುತ್ತಿಕೊಂಡಳು. ಬಿಚ್ಚಿದಳು. "ಪೀಪಿ ಆಟ. ಒಬ್ಬರು ಬೆಂಚಿನ ಮೇಲೆ ಬೋರಲು ಮಲಗಬೇಕು. ಇನ್ನೊಬ್ಬರು ಅಮ್ಮ. ಅಮ್ಮ ತಟ್ಟಬೇಕು. ಮೊದಲು ನಕ್ಕವರು ಔಟ್."

"ಅವರಿಗೆಲ್ಲಿ ಗೊತ್ತಾಯ್ತು ತಟ್ಟೋದು?"

"ಫೋನಲ್ಲಿ ಬಂದಿದೆಯಂತೆ. ಎಲ್ಲರ ಮನೆ ಫೋನಲ್ಲೂ ಇದೆ."

ಟ್ರಸ್ಟಿನವರು ಪೀಪಿ ಆಸ್ಪತ್ರೆಯಲ್ಲಿದ್ದಾಗ ಚಿತ್ರದ ಒಂದು ತುಣುಕನ್ನು ಹಂಚಿದ್ದರು. ಬಿಸಿಲು ಬಿದ್ದ ಬೆನ್ನು, ತಾಯಿಯ ಕೈ, ಹಿನ್ನೆಲೆಯಲ್ಲಿ ಪಿಟೀಲು. ಅಪ್ಪನಿಗೆ ಗೊತ್ತಿತ್ತು, ಅಂಗಡಿಯಲ್ಲಿ ಎಲ್ಲರಿಗೂ ತೋರಿಸಿಯೂ ಇದ್ದ. ಒಬ್ಬ ಗಿರಾಕಿ ಅದನ್ನು ನೋಡಿ ಕಣ್ಣೊರೆಸಿಕೊಂಡಿದ್ದ.

"ಟೀಚರಿಗೆ ಹೇಳ್ತೀನಿ," ಎಂದಳು ಅಕ್ಕ.

"ಟೀಚರೂ ನೋಡಿದಾರೆ. ಚೆನ್ನಾಗಿದೆ ಅಂದ್ರು."

*

ನಿರ್ದೇಶಕಿ ಒಬ್ಬಳೇ ಬಂದಳು, ರಜೆಯ ದಿನ, ಮಧ್ಯಾಹ್ನದ ಊಟದ ಹೊತ್ತಿಗೆ. ಕ್ಯಾಮೆರಾ ಇರಲಿಲ್ಲ. ಮೇಜಿಗೆ ಇನ್ನೊಂದು ಸ್ಟೂಲು ಎಳೆದರು. ಬೇಯಿಸಿದ ಬೀನ್ಸು, ಆಲೂಗಡ್ಡೆ, ಬ್ರೆಡ್ಡು. ಪೀಪಿ ಮಾತ್ರೆ ನುಂಗಿ ಬೆಣ್ಣೆ ಸವರಿಕೊಳ್ಳುತ್ತಿದ್ದಳು.

"ಟ್ರಸ್ಟಿನವರು ನೋಡಿದ್ರು," ಎಂದಳು ನಿರ್ದೇಶಕಿ. "ನಾನು ಅವರಿಗೆ ಎಲ್ಲ ಹೇಳಿದೆ. ಬೆಳಕಿಗೆ ಕಾದಿದ್ದು, ಮತ್ತೆ ಮತ್ತೆ ತಟ್ಟಿಸಿದ್ದು, ಕೆಮ್ಮಬೇಡ ಅಂದಿದ್ದು. ನನ್ನಿಂದಾದ ತಪ್ಪು ಅಂತಾನೂ ಹೇಳಿದೆ."

"ಬಿಡಿ ಮೇಡಂ, ಆಗಿದ್ದು ಆಯ್ತು," ಎಂದ ಅಪ್ಪ.

"ಅವರು ಒಂದು ಮಾತು ಹೇಳಿದಾರೆ. ಇದನ್ನ ಹೊಸದಾಗಿ ಶುರು ಮಾಡಿ, ಒಂದು ವರ್ಷ ಪೂರ್ತಿ ತೆಗೀರಿ, ಈ ಸಲ ಇದ್ದದ್ದು ಇದ್ದ ಹಾಗೆ. ಅಕ್ಕ ತಂಗಿ ಕಥೆ. ತಟ್ಟೋದು ಅಕ್ಕ. ಆ ಒಂದು ವರ್ಷ ಹೊಸ ಔಷಧಿಯ ಖರ್ಚು ಪೂರ್ತಿ ಅವರದೇ. ಆಮೇಲೂ ನೋಡೋಣ ಅಂದಿದಾರೆ. ‘ಬಹುದು’ ಅಲ್ಲ. ಬರೆದು ಕೊಡ್ತಾರೆ."

ಅಪ್ಪ ಚಮಚ ಕೆಳಗಿಟ್ಟ. ಅಮ್ಮ ಎರಡೂ ಕೈಯಲ್ಲಿ ಬಾಯಿ ಮುಚ್ಚಿಕೊಂಡಳು. ಅಜ್ಜಿ ಒಬ್ಬಳೇ ತಿನ್ನುತ್ತಿದ್ದಳು, ಅವಳೂ ನಿಲ್ಲಿಸಿದಳು. ಮೂವರೂ ಅಕ್ಕನ ಕಡೆ ತಿರುಗಿದರು.

ಅಕ್ಕ ಬಾಣಲೆಯ ತಳಕ್ಕೆ ಹಿಡಿದ ಆಲೂಗಡ್ಡೆಯನ್ನು ಕೆರೆಯುತ್ತಿದ್ದಳು. ಕೆರೆದದ್ದನ್ನು ತನ್ನ ತಟ್ಟೆಗೆ ಹಾಕಿಕೊಂಡಳು.

"ಒಂದು ವರ್ಷ ತಾನೇ ಕಣೇ," ಎಂದಳು ಅಮ್ಮ.

"ಕನ್ನಡಕ ಹಾಕ್ಕೊಳ್ಳೋರು ಮುಂದಿನ ವರ್ಷಾನೂ ಇರ್ತಾರೆ," ಎಂದಳು ಅಜ್ಜಿ.

"ಗೊತ್ತು," ಎಂದಳು ಅಕ್ಕ. ತಟ್ಟೆಯದನ್ನು ತಿಂದು ಮುಗಿಸಿ, "ಆಯ್ತು. ಇರ್ತೀನಿ," ಎಂದಳು. ಬಾಣಲೆಯನ್ನು ಸಿಂಕಿಗೆ ಹಾಕಿದ ಸದ್ದು ಬೇಕಾದ್ದಕ್ಕಿಂತ ಜೋರಾಗಿತ್ತು.

ಅಪ್ಪ ನಗಲು ಶುರುಮಾಡಿದ, ಎಲ್ಲಿ ನಿಲ್ಲಿಸಬೇಕೆಂದು ತಿಳಿಯದವನ ಹಾಗೆ. "ಬೆಣ್ಣೆ ಕೊಡ್ರೀ ಎಲ್ಲರಿಗೂ." ಅಜ್ಜಿಯ ಕಡೆ ತಿರುಗಿದ. "ಅಮ್ಮಾ, ನೀನೂ ಹಾಕ್ಕೋ, ದಪ್ಪಗೆ ಹಾಕ್ಕೋ."

"ಒಂದು ನಿಮಿಷ," ಎಂದಳು ನಿರ್ದೇಶಕಿ. ಅವಳು ಪೀಪಿಯ ಕಡೆಗೆ ಸ್ಟೂಲು ತಿರುಗಿಸಿಕೊಂಡಳು. "ಹೋದ ಸಲ ನಾನು ಎಲ್ಲರನ್ನೂ ಕೇಳಿದೆ, ನಿನ್ನನ್ನ ಮಾತ್ರ ಕೇಳಲಿಲ್ಲ. ಈಗ ಕೇಳ್ತೀನಿ. ತೆಗೆಯೋಣವಾ?"

"ಬೇಡ," ಎಂದಳು ಪೀಪಿ.

"ಏ!" ಎಂದ ಅಪ್ಪ.

"ಇರಿ ಸಾರ್. ಯಾಕೆ ಬೇಡ? ಬೆನ್ನು ತೋರಿಸೋದು ಬೇಡ್ವಾ? ಬೆನ್ನು ತೆಗೆಯಲ್ಲ. ಮುಖ ಮಾತ್ರ."

"ಮುಖಾನೂ ಬೇಡ."

"ಹಂಗನ್ನಬಾರದು ಪುಟ್ಟಾ," ಎಂದಳು ಅಮ್ಮ. "ಔಷಧಿ ಕಣೇ. ನಿನಗೇ ಬರೋದು. ನಮಗಲ್ಲ."

"ಗೊತ್ತು."

"ಮಗು, ಅದಕ್ಕೆ ಏನು ಗೊತ್ತಾಗುತ್ತೆ," ಎಂದಳು ಅಜ್ಜಿ. "ನೀವು ನೀವು ಮಾತಾಡಿಕೊಳ್ಳಿ."

"ನನಗೆ ಗೊತ್ತಾಗುತ್ತೆ. ಡಾಕ್ಟರು ಹೇಳುವಾಗ ನಾನು ನಿದ್ದೆ ಮಾಡ್ತಿರಲಿಲ್ಲ. ಈ ಕಡೆದು ಹೋಯ್ತು ಅಂದ್ರು. ಔಷಧಿ ಇಲ್ದಿದ್ರೆ ಆ ಕಡೆದೂ ಹೋಗಬಹುದು." ಪೀಪಿ ಬ್ರೆಡ್ಡನ್ನು ಎರಡಾಗಿ ಮಡಿಸಿ ಕಚ್ಚಿದಳು, ಅಗಿದಳು, ನುಂಗಿದಳು. ಎಲ್ಲರೂ ಕಾದರು.

ಸಿಂಕಿನ ಮುಂದೆ ಅಕ್ಕ ನಲ್ಲಿ ನಿಲ್ಲಿಸಿ, ತಿರುಗದೆ, ಒದ್ದೆ ಕೈ ಹಾಗೇ ಬಿಟ್ಟುಕೊಂಡು ನಿಂತಿದ್ದಳು.

"ಪೀಪಿ," ಎಂದ ಅಪ್ಪ, "ನಿನ್ನ ಕಾಲು ಹಿಡ್ಕೋತೀನಿ ಕಣೇ."

"ಬೇಡಪ್ಪ."

"ಈಗಲೇ ಹೇಳಬೇಕಾಗಿಲ್ಲ," ಎಂದಳು ನಿರ್ದೇಶಕಿ. ಅವಳು ಪೀಪಿಯ ಮೊಣಕೈ ಮುಟ್ಟಿದಳು. "ಆರಾಮಾಗಿ ಯೋಚನೆ ಮಾಡು. ನಾಳೆ ಬರ್ತೀನಿ. ನಾಳೆ ಹೇಳು."

ಪೀಪಿ ಮೊಣಕೈ ಹಿಂದಕ್ಕೆ ತೆಗೆದುಕೊಂಡಳು.

"ನಾಳೆನೂ ಬೇಡ ಅಂತೀನಿ," ಎಂದಳು.